‘ಪಿಕ್ ಅಪ್’ ಜೋಡಿಯ ಹಲವು ಅರ್ಥಗಳು: ಕನ್ನಡ ಮಾಧ್ಯಮದವರಿಗೊಂದು ಸಮಗ್ರ ಮಾರ್ಗದರ್ಶಿ

ಕನ್ನಡ ಮಾಧ್ಯಮದಲ್ಲಿ ಓದಿ ಪದವಿ ತರಗತಿಗೆ ಬರುವ ನಮ್ಮ ಕಲಬುರಗಿ, ಬೀದರ್, ಯಾದಗಿರಿಯ ವಿದ್ಯಾರ್ಥಿಗಳಿಗೆ ಇಂಗ್ಲಿಷಿನ ಉದ್ದನೆಯ ಪಾರಿಭಾಷಿಕ ಪದಗಳು ಅಷ್ಟಾಗಿ ತೊಂದರೆ ಕೊಡುವುದಿಲ್ಲ. ‘ಫೋಟೋಸಿಂಥೆಸಿಸ್’ ಎಂಬ ಪದಕ್ಕೆ ಇರುವುದು ಒಂದೇ ಅರ್ಥ. ಒಮ್ಮೆ ಕಲಿತರೆ ಅದು ಕೈಬಿಡುವುದಿಲ್ಲ. ಕಷ್ಟ ಎದುರಾಗುವುದು ಪ್ರಾಥಮಿಕ ಶಾಲೆಯ ಮಗುವಿಗೂ ಗೊತ್ತಿರುವ ಸಣ್ಣ ಪದಗಳು ಜೋಡಿಯಾಗಿ ಬಂದಾಗ. ‘ಪಿಕ್’ ಗೊತ್ತು, ‘ಅಪ್’ ಗೊತ್ತು. ಆದರೂ ‘ಸೇಲ್ಸ್ ಪಿಕ್ಟ್ ಅಪ್’ ಎಂಬ ಪುಟ್ಟ ವಾಕ್ಯದ ಮುಂದೆ ಓದುಗ ನಿಂತುಬಿಡುತ್ತಾನೆ. ಮಾರಾಟವನ್ನು ಯಾರು ಎತ್ತಿದರು, ಎಲ್ಲಿಂದ ಎತ್ತಿದರು ಎಂಬ ಗೊಂದಲ ಅವನದು.

ಒಂದು ಕ್ರಿಯಾಪದ, ಅದರ ಬೆನ್ನಿಗೆ ‘ಅಪ್’, ‘ಆಫ್’, ‘ಔಟ್’, ‘ಆನ್’ ಮೊದಲಾದ ಒಂದು ಸಣ್ಣ ಪದ, ಎರಡೂ ಕೂಡಿ ಒಂದು ಹೊಸ ಅರ್ಥ: ಇಂಥ ಜೋಡಿಯನ್ನು ಇಂಗ್ಲಿಷ್ ವ್ಯಾಕರಣದಲ್ಲಿ ಫ್ರೇಸಲ್ ವರ್ಬ್ ಎನ್ನುತ್ತಾರೆ. ಇವು ನೂರಾರು ಇವೆ. ಇಲ್ಲಿ ‘ಪಿಕ್ ಅಪ್’ ಒಂದನ್ನೇ ಆರಿಸಿಕೊಂಡಿದ್ದಕ್ಕೆ ಕಾರಣವಿದೆ. ಈ ಜೋಡಿ ಈಗಾಗಲೇ ನಮ್ಮ ಬಾಯಲ್ಲಿದೆ. ಗಂಜ್‌ಗೆ, ಅಂದರೆ ಧಾನ್ಯದ ಮಾರುಕಟ್ಟೆಗೆ, ತೊಗರಿ ಚೀಲ ಹೊತ್ತು ಬರುವುದು ‘ಪಿಕಪ್’ ಗಾಡಿ. ಬಸ್ ನಿಲ್ದಾಣಕ್ಕೆ ಬಂದವರನ್ನು ನಾವು ‘ಪಿಕಪ್’ ಮಾಡುತ್ತೇವೆ. ಹಳೆಯ ಮೋಟಾರ್ ಸೈಕಲ್ಲಿಗೆ ‘ಪಿಕಪ್’ ಇಲ್ಲ ಎಂದು ದೂರುತ್ತೇವೆ. ಹೀಗೆ ಅರ್ಧ ಪರಿಚಯವಾದ ಪದದ ಉಳಿದ ಅರ್ಧವನ್ನು ನಾವು ಊಹಿಸುತ್ತೇವೆ, ಹೆಚ್ಚಿನ ಸಲ ತಪ್ಪಾಗಿ ಊಹಿಸುತ್ತೇವೆ.

ಈ ಮಾರ್ಗದರ್ಶಿಯ ಮುಖ್ಯ ಮಾತು ಇಷ್ಟು: ‘ಪಿಕ್ ಅಪ್’ ಜೋಡಿಯ ಅರ್ಥವನ್ನು ಆ ಜೋಡಿಯೊಳಗೆ ಹುಡುಕಬಾರದು, ಅದರ ಅಕ್ಕಪಕ್ಕದಲ್ಲಿ ಹುಡುಕಬೇಕು. ಕರ್ಮಪದ ಇದೆಯೇ, ಇದ್ದರೆ ಯಾವ ಬಗೆಯದು, ಕೆಲಸ ಮಾಡುವ ಕರ್ತೃ ಯಾರು ಎಂಬ ಮೂರು ಪ್ರಶ್ನೆಗಳಿಗೆ ಉತ್ತರ ಸಿಕ್ಕರೆ ಅರ್ಥ ತಾನಾಗಿಯೇ ತಿಳಿಯುತ್ತದೆ. ನಿಘಂಟಿನ ಪಟ್ಟಿಯನ್ನು ಬಾಯಿಪಾಠ ಮಾಡುವುದಕ್ಕಿಂತ ಇದು ಸುಲಭದ ದಾರಿ, ಗಟ್ಟಿಯಾದ ದಾರಿಯೂ ಹೌದು.

ಹೆಜ್ಜೆ 1: ಮೂಲ ಚಿತ್ರವನ್ನು ಮನಸ್ಸಿನಲ್ಲಿ ನಿಲ್ಲಿಸಿಕೊಳ್ಳಿ

ನೆಲದ ಮೇಲೆ ಒಂದು ವಸ್ತು ಬಿದ್ದಿದೆ. ಒಬ್ಬರು ಬಗ್ಗಿ ಅದನ್ನು ಕೈಗೆ ತೆಗೆದುಕೊಂಡು ಮೇಲೆತ್ತುತ್ತಾರೆ. ‘ಶಿ ಪಿಕ್ಟ್ ಅಪ್ ದಿ ಪೆನ್’: ಅವಳು ಪೆನ್ನನ್ನು ಎತ್ತಿಕೊಂಡಳು. ಇದೇ ಮೂಲ ಅರ್ಥ. ಈ ಚಿತ್ರದಲ್ಲಿ ಎರಡು ಸಂಗತಿಗಳಿವೆ: ವಸ್ತು ಕೆಳಗಿನಿಂದ ಮೇಲೆ ಬರುತ್ತದೆ, ತನ್ನದಲ್ಲದ ಕಡೆ ಇದ್ದದ್ದು ತನ್ನ ಕೈ ಸೇರುತ್ತದೆ. ಮುಂದೆ ಬರುವ ಬಹುತೇಕ ಅರ್ಥಗಳು ಈ ಎರಡರಲ್ಲಿ ಒಂದರಿಂದ ಹುಟ್ಟಿದವು. ಮಾರಾಟ, ವೇಗ, ಗಾಳಿ, ಆರೋಗ್ಯ ‘ಪಿಕ್ ಅಪ್’ ಆಗುವುದು ಕೆಳಗಿನಿಂದ ಮೇಲೆ ಬರುವ ಅರ್ಥದಲ್ಲಿ. ಭಾಷೆ, ರೋಗ, ಸಾಮಾನು, ಮನುಷ್ಯರನ್ನು ‘ಪಿಕ್ ಅಪ್’ ಮಾಡುವುದು ಕೈ ಸೇರುವ ಅರ್ಥದಲ್ಲಿ.

ಒಂದು ಕ್ರಿಯಾಪದ ಇಷ್ಟು ದೂರ ಹೇಗೆ ಹರಡಿಕೊಳ್ಳುತ್ತದೆ ಎಂದು ಅಚ್ಚರಿಪಡುವವರು ನಮ್ಮ ಭಾಗದ ‘ಹತ್ತು’ ಎಂಬ ಕ್ರಿಯಾಪದವನ್ನು ಒಮ್ಮೆ ನೋಡಬೇಕು. ನಾವು ಬಸ್ ಹತ್ತುತ್ತೇವೆ, ಗುಡ್ಡ ಹತ್ತುತ್ತೇವೆ. ಒಲೆಗೆ ಬೆಂಕಿ ಹತ್ತುತ್ತದೆ. ಒಬ್ಬರ ಜಡ್ಡು ಇನ್ನೊಬ್ಬರಿಗೆ ಹತ್ತುತ್ತದೆ. ಚಿಂತೆಯಿದ್ದವರಿಗೆ ನಿದ್ದೆ ಹತ್ತುವುದಿಲ್ಲ. ಆಳಂದಕ್ಕೆ ಹೋಗಲು ಎಷ್ಟು ಹೊತ್ತು ಹತ್ತುತ್ತದೆ ಎಂದು ಕೇಳುತ್ತೇವೆ, ಕಳ್ಳನ ಬೆನ್ನು ಹತ್ತುತ್ತೇವೆ, ಮೋಡ ಸುರಿಯತೊಡಗಿದರೆ ‘ಮಳಿ ಬರ್ಲಿಕ್ಕೆ ಹತ್ಯದ’ ಎನ್ನುತ್ತೇವೆ. ಇವುಗಳಲ್ಲಿ ಯಾವುದನ್ನೂ ನಾವು ಪಟ್ಟಿ ಮಾಡಿ ಕಲಿತಿಲ್ಲ. ಪಕ್ಕದಲ್ಲಿ ಬೆಂಕಿ ಇದೆಯೋ ಬಸ್ ಇದೆಯೋ ನೋಡಿಯೇ ಅರ್ಥ ಹಿಡಿಯುತ್ತೇವೆ. ತಾಯ್ನುಡಿಯಲ್ಲಿ ಸಹಜವಾಗಿ ಮಾಡುವ ಈ ಕೆಲಸವನ್ನೇ ಇಂಗ್ಲಿಷಿನಲ್ಲಿ ತಿಳಿದೂ ತಿಳಿದೂ ಮಾಡುವುದು ಮುಂದಿನ ಹೆಜ್ಜೆಗಳ ಉದ್ದೇಶ.

ಹೆಜ್ಜೆ 2: ಕರ್ಮಪದ ಇದೆಯೇ ಎಂದು ನೋಡಿ

ಏನನ್ನು, ಯಾರನ್ನು ಎಂಬ ಪ್ರಶ್ನೆಯನ್ನು ವಾಕ್ಯಕ್ಕೆ ಹಾಕಿ. ಉತ್ತರ ಸಿಗದಿದ್ದರೆ ಆ ವಾಕ್ಯದಲ್ಲಿ ‘ಪಿಕ್ ಅಪ್’ ಅಕರ್ಮಕವಾಗಿದೆ ಎಂದರ್ಥ. ಆಗ ಸಾಧ್ಯವಿರುವ ಅರ್ಥಗಳು ಬೆರಳೆಣಿಕೆಗೆ ಇಳಿಯುತ್ತವೆ.

ಮೊದಲನೆಯದು, ಇಳಿದಿದ್ದದ್ದು ಏರುವುದು ಅಥವಾ ಮಂದವಾಗಿದ್ದದ್ದು ಚುರುಕಾಗುವುದು. ಪತ್ರಿಕೆಗಳ ವಾಣಿಜ್ಯ ಪುಟದಲ್ಲಿ ಇದು ದಿನವೂ ಕಾಣುತ್ತದೆ. ‘ಡಿಮ್ಯಾಂಡ್ ಫಾರ್ ತೂರ್ ಹ್ಯಾಸ್ ಪಿಕ್ಟ್ ಅಪ್’ ಎಂದರೆ ತೊಗರಿಗೆ ಬೇಡಿಕೆ ಕುದುರಿದೆ. ಇಲ್ಲಿ ಒಂದು ಸೂಕ್ಷ್ಮವಿದೆ. ಬೇಡಿಕೆ ಮೊದಲೇ ಜೋರಾಗಿದ್ದು ಇನ್ನಷ್ಟು ಏರಿದರೆ ‘ರೋಸ್’ ಅಥವಾ ‘ಇನ್‌ಕ್ರೀಸ್ಡ್’ ಸಾಕು. ನಡುವೆ ಕುಸಿದಿತ್ತು ಅಥವಾ ಸುಮ್ಮನಿತ್ತು, ಈಗ ಮತ್ತೆ ಜೀವ ಬಂದಿದೆ ಎಂಬ ಹಿನ್ನೆಲೆ ಇದ್ದಾಗ ‘ಪಿಕ್ಟ್ ಅಪ್’ ಹೆಚ್ಚು ಒಪ್ಪುತ್ತದೆ. ಡಿಸೆಂಬರ್, ಜನವರಿಯಲ್ಲಿ ಹೊಸ ತೊಗರಿ ಬರುವ ಮುನ್ನ ಮಂದವಾಗಿದ್ದ ಗಂಜ್‌ನ ಅಡತಿ ಅಂಗಡಿಗಳು ರಾಶಿ ಬಂದೊಡನೆ ಗಿಜಿಗುಡುವುದನ್ನು ಹೇಳಲು ‘ಬಿಸಿನೆಸ್ ಪಿಕ್ಸ್ ಅಪ್’ ಎಂಬುದಕ್ಕಿಂತ ಸರಿಯಾದ ಮಾತು ಇಂಗ್ಲಿಷಿನಲ್ಲಿ ಸಿಗಲಿಕ್ಕಿಲ್ಲ. ಕಾಯಿಲೆಯಿಂದ ಚೇತರಿಸಿಕೊಳ್ಳುವವರ ಬಗ್ಗೆಯೂ ‘ಹಿ ಈಸ್ ಪಿಕಿಂಗ್ ಅಪ್’ ಎನ್ನುತ್ತಾರೆ. ಗಾಳಿ, ಮಳೆಗಳ ವಿಷಯದಲ್ಲಿ ಮಾತ್ರ ಇದು ಸುಧಾರಣೆಯನ್ನು ಸೂಚಿಸುವುದಿಲ್ಲ, ಜೋರಾಗುವುದನ್ನು ಸೂಚಿಸುತ್ತದೆ: ‘ದಿ ವಿಂಡ್ ಪಿಕ್ಟ್ ಅಪ್’ ಎಂದರೆ ಗಾಳಿ ಜೋರು ಹಿಡಿಯಿತು.

ಎರಡನೆಯದು, ಫೋನ್ ಕರೆಗೆ ಉತ್ತರಿಸುವುದು. ‘ಐ ಕಾಲ್ಡ್ ಹಿಮ್, ಬಟ್ ಹಿ ಡಿಡಂಟ್ ಪಿಕ್ ಅಪ್.’ ಇಲ್ಲಿ ಫೋನ್ ಎಂಬ ಕರ್ಮಪದ ಸಂದರ್ಭದಿಂದಲೇ ತಿಳಿಯುವುದರಿಂದ ಅದನ್ನು ಬಿಟ್ಟಿದ್ದಾರೆ. ಮೂರನೆಯದು, ನಿಂತ ಮಾತನ್ನೋ ಕೆಲಸವನ್ನೋ ಮುಂದುವರಿಸುವುದು: ‘ವಿ ವಿಲ್ ಪಿಕ್ ಅಪ್ ವೇರ್ ವಿ ಲೆಫ್ಟ್ ಆಫ್’, ಅಂದರೆ ಎಲ್ಲಿ ಬಿಟ್ಟಿದ್ದೆವೋ ಅಲ್ಲಿಂದಲೇ ಮತ್ತೆ ಶುರು ಮಾಡೋಣ.

ಹೆಜ್ಜೆ 3: ಕರ್ಮಪದ ಇದ್ದರೆ ಅದು ಯಾವ ಬಗೆಯದೆಂದು ವಿಂಗಡಿಸಿ

ಇಲ್ಲಿಯೇ ಹೆಚ್ಚು ಹೊತ್ತು ನಿಲ್ಲಬೇಕು, ಏಕೆಂದರೆ ಅರ್ಥಗಳ ದೊಡ್ಡ ರಾಶಿ ಇಲ್ಲಿದೆ.

ಕರ್ಮಪದ ಮನುಷ್ಯರಾಗಿದ್ದು, ಕರ್ತೃ ವಾಹನವಾಗಿದ್ದರೆ ಅಥವಾ ವಾಹನ ತಂದವರಾಗಿದ್ದರೆ, ಅರ್ಥ ಕರೆದುಕೊಂಡು ಹೋಗುವುದು, ಹತ್ತಿಸಿಕೊಳ್ಳುವುದು. ‘ಮೈ ಅಂಕಲ್ ವಿಲ್ ಪಿಕ್ ಮಿ ಅಪ್ ಫ್ರಮ್ ದಿ ಸ್ಟೇಷನ್’ ಎಂದರೆ ಕಾಕಾ ಸ್ಟೇಷನ್ನಿಗೆ ಬಂದು ಕರೆದುಕೊಂಡು ಹೋಗುತ್ತಾರೆ. 2017ರಲ್ಲಿ ಆರಂಭವಾದ ಬೀದರ್–ಕಲಬುರಗಿ ಮಾರ್ಗದ ರೈಲು ಹುಮನಾಬಾದಿನಲ್ಲಿ ಜನರನ್ನು ಹತ್ತಿಸಿಕೊಂಡರೆ ‘ದಿ ಟ್ರೇನ್ ಪಿಕ್ಸ್ ಅಪ್ ಪ್ಯಾಸೆಂಜರ್ಸ್ ಅಟ್ ಹುಮನಾಬಾದ್’. ಕರ್ಮಪದ ಎಳೆಯ ಮಗುವಾಗಿದ್ದರೆ ಎರಡು ಅರ್ಥ ಸಾಧ್ಯ. ‘ಪಿಕ್ ಅಪ್ ದಿ ಬೇಬಿ’ ಎಂದಾಗ ಎತ್ತಿಕೊಳ್ಳುವುದು. ‘ಪಿಕ್ ಅಪ್ ದಿ ಚಿಲ್ಡ್ರನ್ ಅಟ್ ಫೋರ್’ ಎಂದಾಗ ನಾಲ್ಕು ಗಂಟೆಗೆ ಶಾಲೆಯಿಂದ ಕರೆತರುವುದು. ಸಮಯ ಅಥವಾ ಸ್ಥಳ ಜೊತೆಗಿದ್ದರೆ ಬಹುಪಾಲು ಎರಡನೆಯ ಅರ್ಥವೇ.

ಕರ್ಮಪದ ಅಂಗಡಿಯಲ್ಲಿ ಸಿಗುವ ವಸ್ತುವಾಗಿದ್ದರೆ ದಾರಿಯಲ್ಲಿ ಹೋಗುತ್ತಾ ಕೊಂಡು ತರುವುದು ಎಂದರ್ಥ. ‘ಪಿಕ್ ಅಪ್ ಸಮ್ ಮಿಲ್ಕ್ ಆನ್ ಯುವರ್ ವೇ ಹೋಮ್’: ಮನೆಗೆ ಬರುವಾಗ ಹಾಲು ತಗೊಂಡು ಬಾ. ಇದರಲ್ಲಿ ಸಣ್ಣ ಖರೀದಿಯ, ಅನಾಯಾಸದ ಧ್ವನಿ ಇದೆ. ಕಲಬುರಗಿಯ ಸೂಪರ್ ಮಾರ್ಕೆಟ್ ಪ್ರದೇಶದ ಬಜಾರಿನಲ್ಲಿ ಕಡಿಮೆ ಬೆಲೆಗೆ ಒಂದು ಒಳ್ಳೆಯ ಸೀರೆ ಸಿಕ್ಕರೆ ‘ಶಿ ಪಿಕ್ಟ್ ಅಪ್ ಅ ಸ್ಯಾರಿ’ ಎನ್ನಬಹುದು. ಮದುವೆಯ ಸೀರೆಗಾಗಿ ಇಡೀ ಬಳಗ ಕೂಡಿ ದಿನವಿಡೀ ಅಂಗಡಿ ಸುತ್ತಿದ್ದನ್ನು ಹಾಗೆ ಹೇಳಿದರೆ ಆ ಖರೀದಿಯ ತೂಕವೇ ಮಾಯವಾಗುತ್ತದೆ. ಅಲ್ಲಿ ‘ಬಾಟ್’ ಅಥವಾ ‘ಚೋಸ್’ ಬಳಸಬೇಕು. ಆಗಲೇ ಸಿದ್ಧವಾಗಿರುವ, ನಮಗಾಗಿ ಕಾಯುತ್ತಿರುವ ವಸ್ತುವಾದರೆ ಅರ್ಥ ಹೋಗಿ ಪಡೆದುಕೊಳ್ಳುವುದು: ದರ್ಜಿಯಲ್ಲಿ ಹೊಲಿಯಲು ಕೊಟ್ಟ ಬಟ್ಟೆ, ಕಾಲೇಜಿನ ಹಾಲ್ ಟಿಕೆಟ್, ಲ್ಯಾಬಿನ ವರದಿ.

ಕರ್ಮಪದ ಭಾಷೆ, ಕೌಶಲ, ರೂಢಿಯಾಗಿದ್ದರೆ ಅದು ಪಾಠ ಹೇಳಿಸಿಕೊಳ್ಳದೆ, ಕೇಳುತ್ತಾ ನೋಡುತ್ತಾ ಕಲಿಯುವುದನ್ನು ಹೇಳುತ್ತದೆ. ಈ ಅರ್ಥವನ್ನು ನಮ್ಮ ಭಾಗದವರಷ್ಟು ಚೆನ್ನಾಗಿ ಬೇರೆಯವರು ಅನುಭವಿಸಿರಲಾರರು ಎಂದು ನನಗನ್ನಿಸುತ್ತದೆ. ಔರಾದ್, ಬಸವಕಲ್ಯಾಣದ ಕಡೆಯ ಮಕ್ಕಳಿಗೆ ಮರಾಠಿ, ಗುರುಮಠಕಲ್ ಕಡೆಯವರಿಗೆ ತೆಲುಗು, ಕಲಬುರಗಿಯ ಓಣಿಗಳಲ್ಲಿ ಬೆಳೆದವರಿಗೆ ದಖನಿ ಉರ್ದು, ಇವೆಲ್ಲ ಶಾಲೆಯಲ್ಲಿ ಕಲಿತು ಬಂದವುಗಳಲ್ಲ. ಆಟದಲ್ಲಿ, ಅಂಗಡಿಯಲ್ಲಿ, ನೆರೆಮನೆಯ ಕಟ್ಟೆಯ ಮೇಲೆ ಕಿವಿಗೆ ಬಿದ್ದು ನಾಲಿಗೆಗೆ ಬಂದವು. ಅಂಥವರು ಸಂದರ್ಶನದಲ್ಲಿ ‘ಐ ಪಿಕ್ಟ್ ಅಪ್ ಮರಾಠಿ ಫ್ರಮ್ ಮೈ ನೇಬರ್ಸ್’ ಎಂದು ಧೈರ್ಯವಾಗಿ ಹೇಳಬಹುದು. ವಾಕ್ಯ ಸರಿಯಾಗಿದೆ, ಮಾತೂ ನಿಜವಾಗಿದೆ.

ಆದರೆ ಇದೇ ಕ್ರಿಯಾಪದವನ್ನು ವರ್ಷಗಟ್ಟಲೆ ಶ್ರದ್ಧೆಯಿಂದ ಕಲಿತ ವಿದ್ಯೆಗೆ ಅಂಟಿಸಬಾರದು. ‘ಐ ಪಿಕ್ಟ್ ಅಪ್ ಸಿವಿಲ್ ಎಂಜಿನಿಯರಿಂಗ್’ ಎಂದರೆ ಕೇಳಿದವರು ಹುಬ್ಬೇರಿಸುತ್ತಾರೆ. ಬೀದರಿನ ಬಿದ್ರಿ ಕುಶಲಕರ್ಮಿಯ ಬಗ್ಗೆ ಬರೆಯುವವರೂ ಎಚ್ಚರ ವಹಿಸಬೇಕು. ಸತು ಮತ್ತು ತಾಮ್ರದ ಮಿಶ್ರಲೋಹದ ಎರಕ ಹೊಯ್ದು, ಮೇಲ್ಮೈಯಲ್ಲಿ ಚಿತ್ತಾರ ಕೊರೆದು, ಅದರೊಳಗೆ ಬೆಳ್ಳಿಯ ತಂತಿ ಕೂರಿಸಿ, ಕೊನೆಗೆ ಬೀದರ್ ಕೋಟೆಯ ಮಣ್ಣು ಬೆರೆಸಿದ ದ್ರಾವಣದಲ್ಲಿ ಕಪ್ಪು ಬರಿಸುವ ಆ ಕಸುಬು ಸುಮ್ಮನೆ ನೋಡಿ ಬರುವಂಥದ್ದಲ್ಲ. ತಂದೆಯ ಪಕ್ಕ ಕುಳಿತು ಬಾಲ್ಯದಲ್ಲಿ ಮೊದಲ ಪಟ್ಟುಗಳನ್ನು ಗ್ರಹಿಸಿದ್ದನ್ನು ‘ಪಿಕ್ಟ್ ಅಪ್ ದಿ ಬೇಸಿಕ್ಸ್’ ಎನ್ನಬಹುದು. ಕಸುಬನ್ನೇ ಕರಗತ ಮಾಡಿಕೊಂಡದ್ದಕ್ಕೆ ‘ಲರ್ನ್ಟ್’ ಅಥವಾ ‘ಮಾಸ್ಟರ್ಡ್’ ಎಂದರೆ ಆ ಕೈಗಳಿಗೆ ಗೌರವ ಸಲ್ಲುತ್ತದೆ.

ಕರ್ಮಪದ ಕಾಯಿಲೆಯಾಗಿದ್ದರೆ ತಗಲುವುದು, ನಮ್ಮ ಮಾತಿನಲ್ಲಿ ಹತ್ತುವುದು. ‘ಹಿ ಪಿಕ್ಟ್ ಅಪ್ ಆನ್ ಇನ್ಫೆಕ್ಷನ್’ ಸರಿ, ‘ಪಿಕ್ಟ್ ಅಪ್ ಅ ಕೋಲ್ಡ್’ ಸರಿ. ಎಲ್ಲಿಂದಲೋ ಬಂದು ಅಂಟುವ ಕಾಯಿಲೆಗಳಿಗೆ ಮಾತ್ರ ಇದು ಹೊಂದುತ್ತದೆ. ಸಕ್ಕರೆ ಕಾಯಿಲೆ, ಬಿ.ಪಿ., ಹೃದ್ರೋಗ ಯಾರಿಂದಲೂ ಅಂಟುವುದಿಲ್ಲ. ಆದ್ದರಿಂದ ಅವುಗಳಿಗೆ ‘ಡೆವಲಪ್ಡ್’ ಎಂಬ ಕ್ರಿಯಾಪದ ಸೂಕ್ತ.

ವೇಗ ಎಂಬ ಕರ್ಮಪದ ಬಂದರೆ ವೇಗ ಹಿಡಿಯುವುದು: ವಾಡಿ ಜಂಕ್ಷನ್ ಬಿಟ್ಟ ರೈಲು ‘ಪಿಕ್ಸ್ ಅಪ್ ಸ್ಪೀಡ್’. ಪದಕ, ಬಹುಮಾನ, ಮತ, ಸ್ಥಾನಗಳು ಬಂದರೆ ಗೆಲ್ಲುವುದು, ಗಳಿಸುವುದು. ಬಿಲ್ ಬಂದರೆ ಎಲ್ಲರ ಪರವಾಗಿ ಒಬ್ಬರೇ ಹಣ ತೆರುವುದು.

ಕೊನೆಯದಾಗಿ, ಕಚೇರಿಯ ಇಂಗ್ಲಿಷಿನಲ್ಲಿ ಕರ್ಮಪದವಾಗಿ ಕೆಲಸ ಅಥವಾ ವಿಷಯ ಬರುತ್ತದೆ. ಬೆಂಗಳೂರು, ಹೈದರಾಬಾದ್, ಪುಣೆಯ ಕಂಪನಿಗಳಿಗೆ ಹೊಸದಾಗಿ ಸೇರುವ ನಮ್ಮ ಯುವಕ ಯುವತಿಯರು ಇದನ್ನು ಮೊದಲೇ ತಿಳಿದಿದ್ದರೆ ಒಳ್ಳೆಯದು. ‘ಹೂ ವಿಲ್ ಪಿಕ್ ಅಪ್ ದಿಸ್ ಟಾಸ್ಕ್?’ ಎಂದರೆ ಈ ಕೆಲಸವನ್ನು ಯಾರು ವಹಿಸಿಕೊಳ್ಳುತ್ತೀರಿ ಎಂಬ ಪ್ರಶ್ನೆ. ‘ಲೆಟ್ ಅಸ್ ಪಿಕ್ ದಿಸ್ ಅಪ್ ಟುಮಾರೋ’ ಎಂದರೆ ಈ ಚರ್ಚೆಯನ್ನು ನಾಳೆ ಮುಂದುವರಿಸೋಣ ಎಂದರ್ಥ. ಎರಡೂ ವಾಕ್ಯಗಳಲ್ಲಿ ಏನನ್ನೂ ಎತ್ತುವುದಿಲ್ಲ, ತೆಗೆದುಹಾಕುವುದೂ ಇಲ್ಲ.

ಹೆಜ್ಜೆ 4: ಕರ್ತೃ ಯಾರೆಂದು ನೋಡಿ

ಕರ್ಮಪದ ನೋಡಿಯೂ ಅರ್ಥ ಬಗೆಹರಿಯದಿದ್ದರೆ ಕರ್ತೃವಿನ ಕಡೆ ತಿರುಗಬೇಕು. ಕರ್ತೃ ಯಂತ್ರ ಅಥವಾ ಪರೀಕ್ಷೆಯಾಗಿದ್ದರೆ ಗ್ರಹಿಸುವುದು, ಪತ್ತೆಹಚ್ಚುವುದು ಎಂಬ ಅರ್ಥ ಬರುತ್ತದೆ. ಹೊಲದ ಗುಡಿಸಲಿನಲ್ಲಿರುವ ಸಣ್ಣ ರೇಡಿಯೊ ಕಲಬುರಗಿ ಆಕಾಶವಾಣಿಯನ್ನು ಹಿಡಿದರೆ ‘ದಿ ರೇಡಿಯೊ ಪಿಕ್ಸ್ ಅಪ್ ದಿ ಸ್ಟೇಷನ್’. ಇದೇ ‘ಸ್ಟೇಷನ್’ ಪದ ಹಿಂದಿನ ಹೆಜ್ಜೆಯಲ್ಲಿ ರೈಲು ನಿಲ್ದಾಣವಾಗಿತ್ತು. ಇಲ್ಲಿ ಕರ್ತೃ ರೇಡಿಯೊ ಆಗಿರುವುದರಿಂದ ಬಾನುಲಿ ಕೇಂದ್ರವಾಯಿತು. ರಕ್ತಪರೀಕ್ಷೆಯಲ್ಲಿ ದೋಷ ಗೊತ್ತಾದರೆ ‘ದಿ ಟೆಸ್ಟ್ ಪಿಕ್ಟ್ ಅಪ್ ದಿ ಪ್ರಾಬ್ಲಮ್’ ಎನ್ನುತ್ತಾರೆ.

ಕರ್ತೃ ಪೊಲೀಸರಾಗಿದ್ದರೆ ಬಹಳ ಜಾಗ್ರತೆ ಬೇಕು. ‘ದಿ ಪೊಲೀಸ್ ಪಿಕ್ಟ್ ಹಿಮ್ ಅಪ್ ಫಾರ್ ಕ್ವೆಶ್ಚನಿಂಗ್’ ಎಂಬ ವಾಕ್ಯವನ್ನು ‘ಪೊಲೀಸರು ಅವನನ್ನು ಬಂಧಿಸಿದರು’ ಎಂದು ಅನುವಾದಿಸುವವರಿದ್ದಾರೆ. ಮೂಲದಲ್ಲಿ ಹೇಳಿರುವುದು ವಿಚಾರಣೆಗಾಗಿ ಕರೆದೊಯ್ದರು ಎಂದಷ್ಟೇ. ಕಾನೂನಿನಲ್ಲಿ ಬಂಧನಕ್ಕೆ ತನ್ನದೇ ವಿಧಿವಿಧಾನಗಳಿವೆ. ಬಂಧಿತನನ್ನು 24 ಗಂಟೆಗಳ ಒಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸಬೇಕೆಂದು ಸಂವಿಧಾನದ 22ನೇ ವಿಧಿ ಹೇಳುತ್ತದೆ. ಒಂದು ಕ್ರಿಯಾಪದದ ಅವಸರದ ಅನುವಾದ ಒಬ್ಬ ಮನುಷ್ಯನ ಹೆಸರಿಗೆ ಊರಿನಲ್ಲಿ ಅಳಿಸಲಾಗದ ಮಸಿ ಬಳಿಯಬಲ್ಲದು. ಪತ್ರಿಕೋದ್ಯಮ ಓದುವ ವಿದ್ಯಾರ್ಥಿಗಳಿಗೆ ಈ ಒಂದು ಅರ್ಥವನ್ನು ಒತ್ತಿ ಹೇಳಬೇಕೆನಿಸುತ್ತದೆ.

ಇನ್ನೊಂದು ಅರ್ಥವನ್ನು ಸಂಕೋಚದಿಂದ ಬಿಟ್ಟುಬಿಡುವುದು ಸರಿಯಲ್ಲ. ಅಪರಿಚಿತರನ್ನು ಮಾತಿನಿಂದ ಒಲಿಸಿಕೊಂಡು ಸಲಿಗೆ ಬೆಳೆಸುವುದಕ್ಕೂ ಇಂಗ್ಲಿಷಿನಲ್ಲಿ ‘ಪಿಕ್ ಅಪ್’ ಎನ್ನುತ್ತಾರೆ. ‘ಹಿ ಪಿಕ್ಟ್ ಅಪ್ ಅ ಗರ್ಲ್’ ಎಂಬ ಬರಿಯ ವಾಕ್ಯಕ್ಕೆ ಆ ಛಾಯೆ ಬರುವ ಅಪಾಯವಿದೆ. ತಂಗಿಯನ್ನು ಕಾಲೇಜಿನಿಂದ ಕರೆತಂದದ್ದನ್ನು ಹೇಳುವಾಗ ಯಾರು, ಎಲ್ಲಿಂದ ಎಂಬುದನ್ನು ಸ್ಪಷ್ಟಪಡಿಸಿ: ‘ಹಿ ಪಿಕ್ಟ್ ಅಪ್ ಹಿಸ್ ಸಿಸ್ಟರ್ ಫ್ರಮ್ ಕಾಲೇಜ್.’

ಹೆಜ್ಜೆ 5: ‘ಅಪ್’ ಪದವನ್ನು ಕೈಬಿಡಬೇಡಿ, ಅದರ ಜಾಗವನ್ನೂ ಮರೆಯಬೇಡಿ

ನಮ್ಮಲ್ಲಿ ಅತಿ ಹೆಚ್ಚು ಕೇಳಿಬರುವ ತಪ್ಪು ಇದೇ. ‘ಹಿ ಈಸ್ ನಾಟ್ ಪಿಕಿಂಗ್ ಮೈ ಕಾಲ್’, ‘ಪ್ಲೀಸ್ ಪಿಕ್ ಮಿ ಫ್ರಮ್ ಬಸ್ ಸ್ಟ್ಯಾಂಡ್’ ಎಂಬ ವಾಕ್ಯಗಳು ಫೋನಿನಲ್ಲಿ, ಸಂದೇಶಗಳಲ್ಲಿ ಎಲ್ಲೆಲ್ಲೂ ಇವೆ. ಬರಿಯ ‘ಪಿಕ್’ ಎಂದರೆ ಆರಿಸುವುದು ಅಥವಾ ಗಿಡದಿಂದ ಬಿಡಿಸುವುದು. ಶಹಾಪುರ, ಸುರಪುರದ ಹೊಲಗಳಲ್ಲಿ ಹತ್ತಿ ಬಿಡಿಸುವುದು ‘ಪಿಕ್ ಕಾಟನ್’. ಬಿಡಿಸಿ ಚೀಲಕ್ಕೆ ತುಂಬಿದ ಹತ್ತಿಯನ್ನು ಲಾರಿ ಬಂದು ಒಯ್ಯುವುದು ‘ಪಿಕ್ ಅಪ್ ದಿ ಕಾಟನ್’. ಒಂದು ಸಣ್ಣ ಪದ ಕೂಲಿಯವರ ಕೆಲಸವನ್ನು ಲಾರಿಯ ಕೆಲಸದಿಂದ ಬೇರ್ಪಡಿಸುತ್ತದೆ. ಆದ್ದರಿಂದ ‘ಪಿಕ್ ಮೈ ಕಾಲ್’ ತಪ್ಪು, ‘ಪಿಕ್ ಅಪ್ ಮೈ ಕಾಲ್’ ಅರ್ಥವಾಗುವ ಮಾತು, ‘ಆನ್ಸರ್ ಮೈ ಕಾಲ್’ ಅಥವಾ ‘ಪಿಕ್ ಅಪ್ ದಿ ಫೋನ್’ ಎಲ್ಲರೂ ಒಪ್ಪುವ ರೂಪ.

ಇನ್ನು ಜಾಗದ ಮಾತು. ಕರ್ಮಪದ ನಾಮಪದವಾಗಿದ್ದರೆ ಅದು ‘ಅಪ್’ ಆದ ಮೇಲೂ ಬರಬಹುದು, ನಡುವೆಯೂ ಬರಬಹುದು: ‘ಪಿಕ್ ಅಪ್ ದಿ ಬ್ಯಾಗ್’, ‘ಪಿಕ್ ದಿ ಬ್ಯಾಗ್ ಅಪ್’ ಎರಡೂ ಸರಿ. ಕರ್ಮಪದ ‘ಇಟ್’, ‘ಹಿಮ್’, ‘ಹರ್’, ‘ಮಿ’, ‘ದೆಮ್’ ಎಂಬ ಸರ್ವನಾಮವಾಗಿದ್ದರೆ ಅದು ನಡುವೆಯೇ ಬರಬೇಕು: ‘ಪಿಕ್ ಇಟ್ ಅಪ್’ ಸರಿ, ‘ಪಿಕ್ ಅಪ್ ಇಟ್’ ತಪ್ಪು. ಸ್ಪರ್ಧಾತ್ಮಕ ಪರೀಕ್ಷೆಗಳ ವಾಕ್ಯದೋಷದ ಪ್ರಶ್ನೆಗಳಿಗೆ ಇದು ಹೇಳಿ ಮಾಡಿಸಿದ ನಿಯಮ. ಕರ್ಮಪದ ಉದ್ದವಾಗಿದ್ದರೆ ಅದನ್ನು ನಡುವೆ ತುರುಕದೆ ಕೊನೆಗೆ ಇಡುವುದು ಓದಿಗೆ ಹಿತ. ‘ಕಳೆದ ವಾರ ದರ್ಜಿಗೆ ಕೊಟ್ಟಿದ್ದ ಎರಡು ಅಂಗಿಗಳು’ ಎಂಬಷ್ಟು ಉದ್ದದ ಪದಗುಚ್ಛ ‘ಪಿಕ್’ ಮತ್ತು ‘ಅಪ್’ ನಡುವೆ ಸಿಕ್ಕಿಕೊಂಡರೆ, ‘ಅಪ್’ ಬರುವಷ್ಟರಲ್ಲಿ ‘ಪಿಕ್’ ಮರೆತುಹೋಗಿರುತ್ತದೆ.

ಉಚ್ಚಾರದ ಬಗ್ಗೆಯೂ ಒಂದು ಮಾತು: ಭೂತಕಾಲದ ರೂಪವನ್ನು ‘ಪಿಕೆಡ್ ಅಪ್’ ಎಂದು ಬಿಡಿಸಿ ಹೇಳಬಾರದು. ‘ಕ್’ ನಂತರ ಬರುವ ಪ್ರತ್ಯಯ ಇಲ್ಲಿ ‘ಟ್’ ಆಗಿ ಕೇಳಿಸುತ್ತದೆ; ವೇಗವಾಗಿ ಹೇಳಿದಾಗ ಇಡೀ ಜೋಡಿ ‘ಪಿಕ್ಟಪ್’ ಎಂದೇ ಕಿವಿಗೆ ಬೀಳುತ್ತದೆ. ಕೇಳಿ ಅರ್ಥಮಾಡಿಕೊಳ್ಳುವ ಪರೀಕ್ಷೆಗಳಲ್ಲಿ ಇದು ಗೊತ್ತಿಲ್ಲದವರು ಪದವನ್ನೇ ಗುರುತಿಸದೆ ಹೋಗುತ್ತಾರೆ.

ಹೆಜ್ಜೆ 6: ಕ್ರಿಯಾಪದವೋ ನಾಮಪದವೋ ಗುರುತಿಸಿ

ಎರಡು ಪದಗಳಾಗಿ ಬಿಡಿಸಿ ಬರೆದಾಗ ಅದು ಕ್ರಿಯಾಪದ. ಕೂಡಿಸಿ ಒಂದೇ ಪದವಾಗಿ ಅಥವಾ ನಡುವೆ ಅಡ್ಡಗೆರೆ ಹಾಕಿ ಬರೆದಾಗ ನಾಮಪದ ಅಥವಾ ವಿಶೇಷಣ. ಮಾತಿನಲ್ಲಿ ಒತ್ತು ಬೀಳುವ ಜಾಗವೂ ಬದಲಾಗುತ್ತದೆ: ಕ್ರಿಯಾಪದದಲ್ಲಿ ಒತ್ತು ‘ಅಪ್’ ಮೇಲೆ, ನಾಮಪದದಲ್ಲಿ ಮೊದಲ ಭಾಗದ ಮೇಲೆ. ನಮ್ಮ ಪಿಕಪ್ ಗಾಡಿ ಈ ನಾಮಪದದಿಂದ ಬಂದದ್ದು; ಮುಂದೆ ಚಾಲಕನ ಕ್ಯಾಬಿನ್, ಹಿಂದೆ ತೆರೆದ ತೊಟ್ಟಿ ಇರುವ ಸಣ್ಣ ಸರಕು ವಾಹನಕ್ಕೆ ಇಂಗ್ಲಿಷ್ ಮಾತನಾಡುವ ಬೇರೆ ದೇಶಗಳಲ್ಲೂ ಅದೇ ಹೆಸರು. ಗಾಡಿಯ ‘ಪಿಕಪ್’ ಎಂದು ನಾವು ಹೇಳುವ ವೇಗವರ್ಧನೆಯ ಅರ್ಥವೂ ನಿಘಂಟುಗಳಲ್ಲಿದೆ, ತಪ್ಪಲ್ಲ. ಹೊರಗಿನವರ ಜೊತೆ ಮಾತನಾಡುವಾಗ ‘ಆಕ್ಸಲರೇಶನ್’ ಎಂದರೆ ಬೇಗ ತಿಳಿಯುತ್ತದೆ ಅಷ್ಟೇ. ‘ಪಿಕಪ್ ಪಾಯಿಂಟ್’ ಎಂದರೆ ಬಸ್ಸಿನವರು ಜನರನ್ನು ಹತ್ತಿಸಿಕೊಳ್ಳುವ ಜಾಗ.

ಹೆಜ್ಜೆ 7: ಮೂರನೆಯ ಪದ ಸೇರಿದಾಗ ಮತ್ತೆ ಯೋಚಿಸಿ

‘ಪಿಕ್ ಅಪ್ ಆನ್’ ಎಂದರೆ ಬಾಯಿಬಿಟ್ಟು ಹೇಳದ ಸಂಗತಿಯನ್ನು ಗ್ರಹಿಸುವುದು. ಮಗಳ ಮೌನದಲ್ಲಿದ್ದ ಬೇಸರವನ್ನು ತಾಯಿ ಅರಿತರೆ ಈ ರೂಪ ಬಳಸುತ್ತಾರೆ. ‘ಪಿಕ್ ಅಪ್ ಆಫ್ಟರ್’ ಎಂದರೆ ಒಬ್ಬರು ಹರವಿ ಬಿಟ್ಟದ್ದನ್ನು ಇನ್ನೊಬ್ಬರು ಹಿಂದೆ ಹಿಂದೆ ಎತ್ತಿಡುವುದು. ‘ಪಿಕ್ ಅಪ್ ದಿ ಪೀಸಸ್’ ಎಂದರೆ ದೊಡ್ಡ ಪೆಟ್ಟು ತಿಂದ ಬದುಕನ್ನು ಮತ್ತೆ ಹೊಂದಿಸಿಕೊಳ್ಳುವುದು. ಇದನ್ನು ಇಡಿಯಾಗಿ ಒಂದೇ ಪದದಂತೆ ಕಲಿಯಬೇಕು. ‘ಪಿಕ್ ಆನ್’ ಎಂಬುದು ಮಾತ್ರ ಬೇರೆಯೇ ಜೋಡಿ, ಅದರಲ್ಲಿ ‘ಅಪ್’ ಇಲ್ಲ. ಒಬ್ಬರನ್ನೇ ಗುರಿಮಾಡಿ ಪದೇ ಪದೇ ಪೀಡಿಸುವುದು ಅದರ ಅರ್ಥ.

ಹೆಜ್ಜೆ 8: ಒಂದು ಇಡೀ ಭಾಗವನ್ನು ಬಿಡಿಸಿ ನೋಡಿ

ಮೂರು ಪ್ರಶ್ನೆಗಳು ಕೈಗೆ ಬಂದಿವೆಯೇ ಎಂದು ತಿಳಿಯಲು ಈ ವಾಕ್ಯಗಳನ್ನು ಓದಿ. ‘ಬಿಸಿನೆಸ್ ಪಿಕ್ಟ್ ಅಪ್ ಬಿಫೋರ್ ದೀಪಾವಳಿ. ಮೈ ಬ್ರದರ್ ಪಿಕ್ಟ್ ಅಪ್ ಆನ್ ಇನ್ಫೆಕ್ಷನ್ ಇನ್ ಸೇಡಂ. ಐ ಕಾಲ್ಡ್ ಹಿಮ್, ಬಟ್ ಹಿ ಡಿಡಂಟ್ ಪಿಕ್ ಅಪ್. ಮೈ ಅಂಕಲ್ ಪಿಕ್ಟ್ ಹಿಮ್ ಅಪ್ ಫ್ರಮ್ ದಿ ಬಸ್ ಸ್ಟ್ಯಾಂಡ್ ಆಂಡ್ ಪಿಕ್ಟ್ ಅಪ್ ಸಮ್ ಟ್ಯಾಬ್ಲೆಟ್ಸ್ ಆನ್ ದಿ ವೇ. ಹಿ ಈಸ್ ಪಿಕಿಂಗ್ ಅಪ್ ನೌ.’

ಮೊದಲ ವಾಕ್ಯದಲ್ಲಿ ಕರ್ಮಪದವಿಲ್ಲ, ಕರ್ತೃ ವ್ಯಾಪಾರ; ಆದ್ದರಿಂದ ವ್ಯಾಪಾರ ಕುದುರಿತು. ಎರಡನೆಯದರಲ್ಲಿ ಕರ್ಮಪದ ಸೋಂಕು, ಆದ್ದರಿಂದ ತಗಲಿತು. ಮೂರನೆಯದರಲ್ಲಿ ಕರ್ಮಪದವಿಲ್ಲ, ಹಿಂದೆ ಕರೆ ಮಾಡಿದ ಮಾತಿದೆ. ಆದ್ದರಿಂದ ಫೋನ್ ಎತ್ತಲಿಲ್ಲ. ನಾಲ್ಕನೆಯದರಲ್ಲಿ ಎರಡು ಸಲ ಬಂದಿದೆ. ಮನುಷ್ಯನಾದರೆ ಕರೆದುಕೊಂಡು ಹೋಗುವುದು, ಗುಳಿಗೆಯಾದರೆ ದಾರಿಯಲ್ಲಿ ಕೊಳ್ಳುವುದು. ಕೊನೆಯದರಲ್ಲಿ ಮತ್ತೆ ಕರ್ಮಪದವಿಲ್ಲ, ಕರ್ತೃ ರೋಗಿ, ಚೇತರಿಸಿಕೊಳ್ಳುತ್ತಿದ್ದಾನೆ. ನಮ್ಮ ಮನೆಯ ಮಾತಿನಲ್ಲಿ ಇಡೀ ಭಾಗ ಹೀಗಾಗುತ್ತದೆ: ‘ದೀಪಾವಳಿ ಮುಂದ ವ್ಯಾಪಾರ ಕುದುರಿತು. ತಮ್ಮಗ ಸೇಡಮಿನಾಗ ಜಡ್ಡು ಹತ್ತಿತು. ಫೋನ್ ಹಚ್ಚಿದೆ, ಎತ್ತಲಿಲ್ಲ. ಕಾಕಾ ಬಸ್ ಸ್ಟ್ಯಾಂಡಿಗಿ ಹೋಗಿ ಕರ್ಕೊಂಡು ಬಂದರು, ಬರುವಾಗ ಗುಳಗಿ ತಂದರು. ಈಗ ಚೇತರಿಸ್ಕೊಳ್ಳಾಕತ್ಯಾನ.’ ಇಂಗ್ಲಿಷಿನ ಒಂದೇ ಜೋಡಿಗೆ ಕನ್ನಡ ಪ್ರತಿ ಸಲವೂ ಬೇರೆ ಕ್ರಿಯಾಪದವನ್ನು ಕೊಟ್ಟಿದೆ. ಅಭ್ಯಾಸಕ್ಕಾಗಿ ಹೀಗೆ ಮನೆಯ ಮಾತಿಗೆ ತಿರುಗಿಸುವುದು ಬಹಳ ಫಲಕಾರಿ, ಏಕೆಂದರೆ ಅರ್ಥ ಹಿಡಿಯದೆ ಮನೆಯ ಮಾತಿನಲ್ಲಿ ಹೇಳಲು ಆಗುವುದೇ ಇಲ್ಲ. ಪತ್ರಿಕೆ ಓದುವಾಗ ಸಿಕ್ಕ ವಾಕ್ಯಗಳನ್ನು ನೋಟ್‌ಬುಕ್ಕಿನಲ್ಲಿ ಬರೆದು, ಕರ್ತೃ ಮತ್ತು ಕರ್ಮಪದಗಳ ಕೆಳಗೆ ಗೆರೆ ಎಳೆದು, ಪಕ್ಕದಲ್ಲಿ ಮನೆಮಾತಿನ ವಾಕ್ಯ ಬರೆಯಿರಿ.

ಹೆಜ್ಜೆ 9: ಎಲ್ಲಿ ಬಳಸಬಾರದೆಂದು ತಿಳಿಯಿರಿ

‘ಪಿಕ್ ಅಪ್’ ಮಾತಿನ, ಸಂದೇಶದ, ಪತ್ರಿಕೆಯ ಭಾಷೆಗೆ ಸೇರಿದ್ದು. ವಿಶ್ವವಿದ್ಯಾಲಯಕ್ಕೋ ಸರ್ಕಾರಿ ಕಚೇರಿಗೋ ಇಂಗ್ಲಿಷಿನಲ್ಲಿ ಬರೆಯುವ ಪತ್ರದಲ್ಲಿ ಅದರ ಜಾಗಕ್ಕೆ ಒಂದೇ ಅರ್ಥದ ಕ್ರಿಯಾಪದ ಹಾಕಿದರೆ ಬರವಣಿಗೆಗೆ ಬಿಗಿ ಬರುತ್ತದೆ. ಪಡೆದುಕೊಳ್ಳುವುದಕ್ಕೆ ‘ಕಲೆಕ್ಟ್’, ಕೌಶಲ ಗಳಿಸುವುದಕ್ಕೆ ‘ಅಕ್ವೈರ್’, ಪತ್ತೆಹಚ್ಚುವುದಕ್ಕೆ ‘ಡಿಟೆಕ್ಟ್’, ಚೇತರಿಕೆಗೆ ‘ಇಂಪ್ರೂವ್’ ಅಥವಾ ‘ರಿಕವರ್’, ಮುಂದುವರಿಸುವುದಕ್ಕೆ ‘ರೆಸ್ಯೂಮ್’, ವಹಿಸಿಕೊಳ್ಳುವುದಕ್ಕೆ ‘ಅಂಡರ್‌ಟೇಕ್’. ಸಂವಿಧಾನದ 371(ಜೆ) ವಿಧಿಯಡಿ ನಮ್ಮ ಭಾಗದವರಿಗೆ ಸಿಗುವ ಮೀಸಲಾತಿಯ ಅರ್ಹತಾ ಪ್ರಮಾಣಪತ್ರ ಇನ್ನೂ ಕೈಸೇರಿಲ್ಲ, ಸೋಮವಾರ ಪಡೆದು ಸಲ್ಲಿಸುತ್ತೇನೆ ಎಂದು ಪ್ರವೇಶ ವಿಭಾಗಕ್ಕೆ ಬರೆಯುವ ವಿದ್ಯಾರ್ಥಿನಿ ‘ಐ ಶಲ್ ಕಲೆಕ್ಟ್ ದಿ ಸರ್ಟಿಫಿಕೇಟ್ ಆನ್ ಮಂಡೇ’ ಎಂದು ಬರೆಯಲಿ; ಅದೇ ಸಂಗತಿಯನ್ನು ಸಂಜೆ ಗೆಳತಿಗೆ ಫೋನಿನಲ್ಲಿ ತಿಳಿಸುವಾಗ ‘ಐ ವಿಲ್ ಪಿಕ್ ಇಟ್ ಅಪ್ ಆನ್ ಮಂಡೇ’ ಎನ್ನಲಿ.